ಬಂದವರಿಗೂ ಇರಲಿ ಎಂದು ಕೊಂಡ ಡಚ್ ಓವನ್

ಒಂದು ಪಾತ್ರೆ ಕೊಳ್ಳುವುದರಲ್ಲಿ ಮಹಾ ಏನಿದೆ? ಇದೇ ಧೈರ್ಯದಿಂದ ನಾನು, ಬನಶಂಕರಿಯಲ್ಲಿರುವ ಭಾಮೈದ ಸುರೇಶನ ಮನೆಯಲ್ಲಿ ಊಟ ಮುಗಿಸಿ ಕೈ ತೊಳೆಯುತ್ತ, "ಮುಂದಿನ ಭಾನುವಾರ ಎಲ್ಲ ನಮ್ಮನೆಗೆ ಬನ್ನಿ. ಬಿಸಿಬೇಳೆಬಾತ್ ನಾನೇ ಮಾಡ್ತೀನಿ. ಡಚ್ ಓವನ್‌ನಲ್ಲಿ!" ಎಂದು ಘೋಷಿಸಿದೆ.

"ಹಾಗಂದ್ರೆ?" ಎಂದರು ಅತ್ತೆ.

"ದಪ್ಪ ಬೀಡು ಕಬ್ಬಿಣದ ಪಾತ್ರೆ. ಮುಚ್ಚಳಾನೂ ಅಷ್ಟೇ ಭಾರ. ನಿಧಾನಕ್ಕೆ ಬೇಯಿಸಿದ್ರೆ ರುಚಿನೇ ಬೇರೆ."

"ಏನೋ ಒಂದು," ಎಂದರು ಅತ್ತೆ.

ಮದುವೆಯಾದಾಗಿನಿಂದ ನಾನು ಮಾಡಿದ ಪ್ರತಿಯೊಂದಕ್ಕೂ, ಕೊಂಡ ಸೈಟಿಗೂ ಬಿಟ್ಟ ಮೀಸೆಗೂ, ಅವರು ಕೊಟ್ಟಿರುವ ತೀರ್ಪು ಅದೊಂದೇ. ಸಾಯುವ ಮುಂಚೆ ಅವರ ಬಾಯಲ್ಲಿ ಒಂದೇ ಒಂದು "ಪರವಾಗಿಲ್ಲ" ಕೇಳಬೇಕೆಂಬುದು ನನ್ನ ಜೀವನದ ಗುರಿ. ಬೇರೆಯವರು ಹಿಮಾಲಯ ಹತ್ತುತ್ತಾರೆ.

ಅಳತೆಯ ಪ್ರಶ್ನೆ ಎದ್ದದ್ದು ಜೆ.ಪಿ. ನಗರಕ್ಕೆ ವಾಪಸು ಬಂದ ಮೇಲೆ. ಇಬ್ಬರಿರುವ ಮನೆಗೆ ಮೂರು ಲೀಟರಿನದು ಧಾರಾಳ ಎಂದು ಮೊಬೈಲು ಹೇಳಿತು.

"ಮೂರು ಲೀಟರ್ ಅಂದ್ರೆ ಎಷ್ಟು ಪಾವು ಅಕ್ಕಿ ಬೇಯುತ್ತೆ ರೀ?" ಎಂದಳು ಹೆಂಡತಿ ವನಜ.

ನನಗೆ ಗೊತ್ತಿರಲಿಲ್ಲ. ಗೊತ್ತಿಲ್ಲದ ಕಡೆಯೆಲ್ಲ ಚಿಂತೆ ಮಾಡುವುದು ನನ್ನ ಪದ್ಧತಿ. ಅತ್ತೆ, ಸುರೇಶ, ಅವನ ಹೆಂಡತಿ ಬರುತ್ತಾರೆ. ಐದು ಲೀಟರ್ ಇರಲಿ. ಅವರು ಜೊತೆಗೆ ಇನ್ಯಾರನ್ನಾದರೂ ಕರೆತಂದರೆ? ಏಳು. ಮೊದಲಾದರೆ ನೆಂಟರು ಟ್ರಾಫಿಕ್ಕಿಗೆ ಹೆದರಿ ಮನೆಯಲ್ಲೇ ಇರುತ್ತಿದ್ದರು. ಈಗ ಮೆಟ್ರೋ ಇದೆ, ಯಾರು ಯಾವಾಗ ಬಂದು ಇಳಿಯುತ್ತಾರೋ! ಒಂಬತ್ತು ಲೀಟರಿನದನ್ನು ಆರ್ಡರ್ ಮಾಡಿ ನೆಮ್ಮದಿಯಾಗಿ ಮಲಗಿದೆ.

ಪಾತ್ರೆ ಬಂತು. ಬಂತು ಎನ್ನುವುದಕ್ಕಿಂತ ದಯಮಾಡಿಸಿತು. ಬಾಗಿಲಿಂದ ಅಡುಗೆಮನೆಯವರೆಗೆ ನಾನೂ ವನಜಳೂ ಅದನ್ನು ಹಳೆಯ ಬೆಡ್‌ಶೀಟಿನ ಮೇಲೆ ಕೂರಿಸಿ ಎಳೆದೆವು.

"ಇದು ಅಡುಗೆ ಮಾಡೋಕಾ, ಸ್ನಾನ ಮಾಡೋಕಾ?" ಎಂದಳು ವನಜ. ಅಸೂಯೆ ಇರಬೇಕೆಂದುಕೊಂಡೆ.

ಭಾನುವಾರ ಬೆಳಿಗ್ಗೆ ಹೊಸ ಚಿಂತೆ ಶುರುವಾಯಿತು. ಅರ್ಧ ಖಾಲಿ ಪಾತ್ರೆ ಕಂಡರೆ ಅತ್ತೆ ಏನೆಂದುಕೊಂಡಾರು? ಪಾತ್ರೆಯ ಮರ್ಯಾದೆಗೆ ತಕ್ಕಂತೆ ಅಕ್ಕಿ, ಬೇಳೆ, ತರಕಾರಿ ಸುರಿದೆ. ಇನ್ನಷ್ಟು ಸುರಿದೆ. ಬಿಸಿಬೇಳೆಬಾತ್ ಬೇಯುತ್ತ ಬೇಯುತ್ತ ಉಬ್ಬುತ್ತದೆ ಎಂಬ ವಿಚಾರ, ಅದು ಉಬ್ಬಿ ಮುಚ್ಚಳಕ್ಕೆ ತಾಗಿದಾಗ ಹೊಳೆಯಿತು.

ಬಂದದ್ದು ಇಬ್ಬರು. ಅತ್ತೆ ಮತ್ತು ಸುರೇಶ. "ಅವಳು ತವರಿಗೆ ಹೋದ್ಲು ಭಾವ," ಎಂದ ಅವನು. ಮೆಟ್ರೋ ಬೇರೆ ಯಾರನ್ನೂ ಇಳಿಸಿರಲಿಲ್ಲ.

"ವನಜಾ, ಮೊದ್ಲು ಒಂದ್ಲೋಟ ಕಾಫಿ ಕೊಡಮ್ಮ. ಊಟ ಆಮೇಲೆ," ಎಂದರು ಅತ್ತೆ. ಕಾಫಿಯಾಗದೆ ಅವರು ತಟ್ಟೆ ಮುಟ್ಟುವವರಲ್ಲ.

"ಹಾಲು ಎಲ್ಲಿ ಕಾಯಿಸ್ಲಮ್ಮ? ಒಲೆ ನಿನ್ನ ಅಳಿಯಂದು!"

ನಮ್ಮದು ಎರಡು ಬರ್ನರಿನ ಒಲೆ. ಪಾತ್ರೆ ಒಂದರ ಮೇಲೆ ಕೂತು, ಹೊಟ್ಟೆಯನ್ನು ಇನ್ನೊಂದರ ಮೇಲೆ ಚಾಚಿತ್ತು. "ಇಳಿಸಿದ್ರಾಯ್ತು ಬಿಡು," ಎಂದು ಹಿಡಿಗೆ ಬಟ್ಟೆ ಸುತ್ತಿ ಎತ್ತಿದೆ. ಅದು ಅಲುಗಲಿಲ್ಲ. ಮತ್ತೆ ಎತ್ತಿದೆ. ಈ ಸಲ ಅಲುಗಿತು. ನನ್ನ ಸೊಂಟ!

ಸುರೇಶನಿಗೆ ಬೆನ್ನುನೋವು, ಭಾರ ಎತ್ತಬಾರದೆಂದು ಡಾಕ್ಟರು ಹೇಳಿದ್ದಾರೆ. ಮಾತಾಡಬಾರದೆಂದು ಹೇಳಿಲ್ಲ. "ಬಿಟ್ಬಿಡಿ ಭಾವ, ಅದು ಅಲ್ಲೇ ಇರ್ಲಿ. ನೀವೇ ಬೇರೆ ಮನೆ ನೋಡ್ಕೊಳ್ಳಿ."

ಉಳಿದ ದಾರಿ ಒಂದೇ, ಪಾತ್ರೆ ಖಾಲಿ ಮಾಡುವುದು. ಕುಕ್ಕರು ತುಂಬಿತು, ಡಬರಿ ತುಂಬಿತು, ದೋಸೆಹಿಟ್ಟಿನ ಡಬ್ಬಿ ತುಂಬಿತು. ಕೊನೆಗೆ ಒಂದು ಕೈ ಸೊಂಟಕ್ಕೆ, ಒಂದು ಕೈ ಡಬ್ಬಿಗೆ ಕೊಟ್ಟು, ಅಕ್ಕಪಕ್ಕದ ಮನೆಗಳ ಬೆಲ್ ಒತ್ತಿದೆ.

"ಏನ್ ಸಾರ್, ಮನೇಲಿ ಪೂಜೆನಾ? ಯಾವ ದೇವ್ರದ್ದು?" ಎಂದರು ಮೇಲಿನ ಮನೆಯ ಆಂಟಿ.

"ಕಾಫಿದು," ಎಂದೆ.

ಅಂತೂ ಪಾತ್ರೆ ಹಗುರಾಯಿತು. ನಾನೂ ವನಜಳೂ ಉಸಿರು ಬಿಗಿಹಿಡಿದು ಇಳಿಸಿದೆವು. ಅತ್ತೆ ಗೋಡೆ ಗಡಿಯಾರ ನೋಡುತ್ತಿದ್ದರು. ವನಜ ಹಾಲಿಟ್ಟಳು, ಒಲೆ ಹಚ್ಚಿದಳು. ನೀಲಿ ಜ್ವಾಲೆ ಒಮ್ಮೆ ನನ್ನ ಕಡೆ ನೋಡಿ ಆರಿಹೋಯಿತು. ಬೆಳಗಿನಿಂದ ನಿಧಾನಕ್ಕೆ ಬೇಯಿಸಿದ್ದೆನಲ್ಲ, ಗ್ಯಾಸ್ ಮುಗಿದಿತ್ತು!

ಕೊನೆಗೆ ಕಾಫಿ ಬಂದದ್ದು ಮೇಲಿನ ಮನೆಯ ಆಂಟಿಯಿಂದ, ನಮ್ಮ ಡಬ್ಬಿ ಹಿಂದಿರುಗಿಸುವ ನೆಪದಲ್ಲಿ. ಅತ್ತೆ ಅದನ್ನು ಕುಡಿದು, ಕಣ್ಣು ಮುಚ್ಚಿ, "ಆಹಾ!" ಎಂದರು. ನಂತರ ನನ್ನ ಬಿಸಿಬೇಳೆಬಾತ್ ತಿಂದರು. ನಾನು ತಟ್ಟೆಯ ಪಕ್ಕದಲ್ಲೇ ನಿಂತಿದ್ದೆ.

"ಹೇಗಿದೆ ಅತ್ತೆ?"

"ಏನೋ ಒಂದು."

ಪಾತ್ರೆ ವಾಪಸು ಕಳಿಸೋಣವೆಂದರೆ ಅದನ್ನು ಮತ್ತೆ ಡಬ್ಬದಲ್ಲಿ ಕೂರಿಸುವ ಸೊಂಟ ಯಾರಿಗಿದೆ? ವನಜ ಅದೇ ಬೆಡ್‌ಶೀಟಿನ ಮೇಲೆ ಎಳೆಸಿ ಬಾಗಿಲ ಪಕ್ಕ ಇಡಿಸಿದಳು. ನಮ್ಮ ಎರಡು ಮಡಿಸುವ ಕೊಡೆಗಳು ಈಗ ಅದರಲ್ಲಿ ವಾಸವಾಗಿವೆ.

ಮೊನ್ನೆ ಮಳೆಯಲ್ಲಿ ಅತ್ತೆ ಬಂದರು. ತೊಟ್ಟಿಕ್ಕುವ ಕೊಡೆಯನ್ನು ಅದರೊಳಗಿಟ್ಟು, ಬಗ್ಗಿ ಒಂದು ಕ್ಷಣ ನೋಡಿದರು.

"ಪರವಾಗಿಲ್ಲ ಅಳಿಯಂದ್ರೇ, ಸರಿಯಾದ ಅಳತೆದೇ ತಗೊಂಡಿದ್ದೀರಿ. ಬಂದವರ ಕೊಡೆಗೂ ಜಾಗ ಇದೆ."

ಜೀವನದ ಗುರಿ ಮುಟ್ಟಿದೆ. ಬಗ್ಗಿ ಕಾಲಿಗೆ ನಮಸ್ಕಾರ ಮಾಡೋಣವೆಂದುಕೊಂಡೆ, ಸೊಂಟದ ಬೆಲ್ಟು ಬಿಡಲಿಲ್ಲ!