ಅರ್ಧ ಪಗಾರಕ್ಕೆ ಅರ್ಧ ಚಹಾ

ದುಡಿಯದೆ ಉಣ್ಣಬೇಕೆಂಬ ಆಸೆ ಎಲ್ಲರಿಗೂ ಇರುತ್ತದೆ, ಒಪ್ಪಿಕೊಳ್ಳುವವರು ಕಡಿಮೆ. ನಾನು ಒಪ್ಪಿಕೊಳ್ಳುತ್ತೇನೆ, ಏಕೆಂದರೆ ನನ್ನ ಆಸೆ ಕೆಲವು ತಿಂಗಳು ಕಾಯ್ದೆಯ ಪ್ರಕಾರವೇ ಈಡೇರಿತ್ತು. ನಾನು ಬಸ್ ಚಾಲಕ. ಮೊರಬದಲ್ಲಿ ಬಸ್ಸು ಹಿಂದಕ್ಕೆ ತೆಗೆಯುವಾಗ ಸೈಕಲ್ ಅಂಗಡಿಯ ತಗಡಿನ ಚಪ್ಪರ ಕೆಡವಿದೆನೆಂದು ನನ್ನನ್ನು ಅಮಾನತು ಮಾಡಿದರು. ಕಂಬ ಮೊದಲೇ ವಾಲಿತ್ತೆಂದು ನಾನು, ಬಸ್ಸು ತಾಗಿದ ಮೇಲೆ ವಾಲಿತೆಂದು ಅಂಗಡಿಯವನು. ವಿಚಾರಣೆ ಮುಗಿಯುವವರೆಗೆ ಜೀವನಾಧಾರ ಭತ್ಯೆಯೆಂದು ಅರ್ಧ ಪಗಾರ. ಅದು ದಾನವಲ್ಲ, ನೌಕರನ ಹಕ್ಕು. ಒಂದೇ ಕರಾರು: ಬೇರೆಲ್ಲೂ ದುಡಿಯುತ್ತಿಲ್ಲವೆಂದು ತಿಂಗಳು ತಿಂಗಳು ಡಿಪೊಕ್ಕೆ ಹೋಗಿ ಸಹಿ ಮಾಡಬೇಕು. ಸುಳ್ಳಾದರೆ ಆ ಅರ್ಧವೂ ಹೋಯಿತು, ನೌಕರಿಯೂ ಹೋಯಿತು.

ಈ ಕರಾರನ್ನು ನಾನು ಅತಿ ನಿಷ್ಠೆಯಿಂದ ಪಾಲಿಸಿದೆ. ಹೋದ ವರ್ಷ ತೀರಿಕೊಂಡ ನನ್ನ ಹೆಂಡತಿ ನೀಲವ್ವ ಆಗ ರೊಟ್ಟಿ ಬಡಿದು ಊರಿನ ಖಾನಾವಳಿಗೆ ಕೊಡುತ್ತಿದ್ದಳು. ಒಂದು ಕೊಡ ನೀರು ತನ್ನಿರೆಂದರೆ, "ಕೆಲಸಾ ಮಾಡೂದಿಲ್ಲಂತ ಬರದ ಕೊಟ್ಟೇನಿ" ಎಂದು ಕಟ್ಟೆಯ ಮೇಲೆ ಕಾಲು ಚಾಚುತ್ತಿದ್ದೆ. ಅವಳು ದನಿ ಎತ್ತಿ ಜಗಳವಾಡಿದವಳಲ್ಲ. ಮರುದಿನ ಕಪ್ಪಿನಲ್ಲಿ ಅರ್ಧವೇ ಚಹಾ ಬಂತು.

"ಇದೇನ, ಅರ್ಧಾ?"

"ಕೆಲಸಾ ಮಾಡದವ್ರಿಗೆ ಡಿಪೊದಾಗೂ ಅರ್ಧಾನ ಕೊಡ್ತಾರಲ್ರಿ. ನಾ ಡಿಪೊಕ್ಕಿಂತ ದೊಡ್ಡಾಕಿ ಏನು?"

ನನ್ನ ನಿಷ್ಠೆ ನಾಲ್ಕು ದಿನಕ್ಕಿಂತ ಹೆಚ್ಚು ಬಾಳಲಿಲ್ಲ. ಐದನೆಯ ದಿನ ಪರಾತದ ಮುಂದೆ ಕುಳಿತು ಜೋಳದ ಹಿಟ್ಟು ನಾದಿದೆ. ಸ್ಟೀರಿಂಗ್ ತಿರುಗಿಸಿದ ಕೈ. ಹಿಟ್ಟು ಹದಕ್ಕೆ ಬಂತು. ಕಪ್ಪು ತುಂಬಿತು. ಆದರೆ ಬಾಜು ಮನೆಯ ಬಸಪ್ಪ ಕಾಕಾ ಬಾಗಿಲಲ್ಲಿ ಇಣುಕಿಬಿಟ್ಟ.

"ಏನಲೇ, ಟ್ರ್ಯಾಕ್ಟರ್ ಹೊಡಿ ಬಾ ಅಂದ್ರ ಸಹಿ ಮಾಡೇನಿ ಅಂತಿದ್ದಿ. ಈಗ ರೊಟ್ಟಿ ವ್ಯಾಪಾರಕ್ಕ ಇಳದೀಯಲ್ಲ! ಡಿಪೊದವ್ರಿಗೆ ಗೊತ್ತೈತೇನು?"

ಕಾಕಾ ನಗುತ್ತಾ ಹೋದ. ನಾನು ಮಾತ್ರ ಕಪ್ಪು ಕೆಳಗಿಟ್ಟೆ. ಖಾನಾವಳಿಗೆ ಹೋಗುವ ರೊಟ್ಟಿಯ ಹಿಟ್ಟು ನಾದಿದರೆ ಅದು ದುಡಿಮೆಯಲ್ಲವೇ? ಇಷ್ಟು ದಿನ ಸೋಮಾರಿತನಕ್ಕೆ ಕಾಯ್ದೆಯ ಹೊದಿಕೆ ಹೊದಿಸಿದ್ದವನು ಈಗ ಅದೇ ಕಾಯ್ದೆಗೆ ಹೆದರಿದೆ. ಆ ತಿಂಗಳು ಡಿಪೊದಲ್ಲಿ ಪೆನ್ನು ಹಿಡಿದ ಕೈ ಕಾಗದಕ್ಕೆ ಇಳಿಯಲೇ ಇಲ್ಲ. ಕಡೆಗೆ ಗುಮಾಸ್ತರಿಗೆ ಎಲ್ಲವನ್ನೂ ಹೇಳಿಬಿಟ್ಟೆ.

ಅವರು ಕನ್ನಡಕ ತೆಗೆದರು. "ಪಗಾರ ಕೊಡ್ತಾರೇನ್ರಿ ಮನ್ಯಾಗ?"

"ಇಲ್ರಿ. ಚಾ ಕೊಡ್ತಾಳ್ರಿ. ಮೊದಲ ಅರ್ಧಾ ಕಪ್ ಇತ್ತು, ಈಗ ಪೂರಾ ಮಾಡ್ಯಾಳ್ರಿ."

"ಹಂಗಾದ್ರ ಮನ್ಯಾಗ ಆಗಲೇ ನಿಮ್ಮನ್ನ ವಾಪಸ್ ತಗೊಂಡಾರ ಬಿಡ್ರಿ. ನಮ್ಮದ ತಡಾ ಆಗೇತಿ. ಸಹಿ ಮಾಡ್ರಿ."

ಊರಿಗೆ ಬಂದು ಹೇಳಿದಾಗ ನೀಲವ್ವ ಹಿಟ್ಟಿನ ಕೈಯಲ್ಲೇ ಸೆರಗು ಬಾಯಿಗಿಟ್ಟುಕೊಂಡು ನಕ್ಕಳು. ಮೂಗಿನ ಮೇಲೆಲ್ಲ ಹಿಟ್ಟಾಯಿತು. ಮುಂದೆ ವಿಚಾರಣೆ ಮುಗಿದು, ಕಂಬ ಮೊದಲೇ ವಾಲಿತ್ತೆಂದು ತೀರ್ಮಾನವಾಗಿ, ನಾನು ಮತ್ತೆ ಬಸ್ಸು ಹತ್ತಿದೆ. ಆದರೂ ನನ್ನನ್ನು ಕೆಲಸಕ್ಕೆ ವಾಪಸ್ ತೆಗೆದುಕೊಂಡ ದಿನ ಯಾವುದೆಂದು ಕೇಳಿದರೆ ನೆನಪಾಗುವುದು ಆ ತುಂಬಿದ ಕಪ್ಪೇ.

ಈಗ ಪಗಾರ ಪೂರ್ತಿ ಬರುತ್ತದೆ. ಬೆಳಗಿನ ಪಾಳಿಗೆ ಹೋಗುವ ಮುನ್ನ ಚಹಾ ನಾನೇ ಮಾಡಿಕೊಳ್ಳುತ್ತೇನೆ. ಒಂದು ದಿನ ಸಕ್ಕರೆ ಮರೆಯುತ್ತೇನೆ, ಒಂದು ದಿನ ಹಾಲು ಉಕ್ಕಿಸುತ್ತೇನೆ, ಕಪ್ಪು ತುಂಬಿಸಿದರೂ ಅರ್ಧ ಕುಡಿದು ಎದ್ದುಬಿಡುತ್ತೇನೆ. ಇಂಥ ಕೆಲಸಕ್ಕೆ ನನ್ನನ್ನು ಆ ಒಲೆಯ ಮುಂದಿನಿಂದ ಎಂದೋ ಅಮಾನತು ಮಾಡಬೇಕಿತ್ತು. ಆ ಅಧಿಕಾರ ಇದ್ದವಳು ಒಬ್ಬಳೇ.