ಕೊನೆಯ ಅಧ್ಯಾಯಕ್ಕಾಗಿ ಜೈಲಿಗೆ ಬಂದವರು

ಬರೆಯುವ ಚಟ ಇರುವವನನ್ನು ಜೈಲಿನ ಕೆಲಸಕ್ಕೆ ಸೇರಿಸಿಕೊಳ್ಳಬಾರದು. ಸೇರಿಸಿಕೊಂಡರೆ ಇಂಥವೆಲ್ಲ ಆಗುತ್ತಲೇ ಇರುತ್ತವೆ. ಬ್ರಿಟಿಷರ ಕಾಲದಲ್ಲಿ ನಾನು ಕೊಡಗಿನ ಒಂದು ಜೈಲಿನಲ್ಲಿ ರೈಟರ್ ಆಗಿದ್ದೆ. ಯಾರು ಒಳಗೆ ಬಂದರು, ಯಾರು ಹೊರಗೆ ಹೋದರು ಎಂದು ರಿಜಿಸ್ಟರಿನಲ್ಲಿ ಬರೆಯುವುದು ಸರ್ಕಾರದ ಕೆಲಸ. ಮೈಸೂರಿನ ಒಂದು ಮಾಸಪತ್ರಿಕೆಗೆ ಕೊಲೆಯ ಧಾರಾವಾಹಿ ಬರೆಯುವುದು ನನ್ನ ಸ್ವಂತ ಕೆಲಸ. ಶನಿವಾರಸಂತೆ ಕಡೆಯ ಒಕ್ಕಲು ಮನೆತನದವನು ನಾನು. ಕೊಲೆ ಹೋಗಲಿ, ಕೋಳಿ ಕುಯ್ಯುವುದನ್ನೂ ಹತ್ತಿರದಿಂದ ನೋಡಿದವನಲ್ಲ. ಆದರೂ ಧೈರ್ಯವಾಗಿ ಬರೆಯುತ್ತಿದ್ದೆ.

ನಾಯಿ ಎಲ್ಲಿ?

ಬರೆದದ್ದನ್ನು ಅಂಚೆಗೆ ಹಾಕುವ ಮೊದಲು ಯಾರಿಗಾದರೂ ಓದಿ ಹೇಳಬೇಕು ಎಂಬುದು ನನ್ನ ಪದ್ಧತಿ. ಮನೆಯಲ್ಲಿ ಹೆಂಡತಿ ಮೊದಲ ಪುಟಕ್ಕೇ ಆಕಳಿಸಿ, "ಒಲೆ ಮೇಲೆ ಹಾಲಿದೆ" ಎಂದು ಎದ್ದು ಹೋಗುತ್ತಿದ್ದಳು. ಹೋಗಿ ನೋಡಿದರೆ ಒಲೆಯೇ ಹೊತ್ತಿರುತ್ತಿರಲಿಲ್ಲ. ಜೈಲಿನಲ್ಲಿ ಆ ಭಯವಿಲ್ಲ. ಕೇಳುವವರು ಎದ್ದು ಹೋಗುವ ಹಾಗಿಲ್ಲವಲ್ಲ. ಭಾನುವಾರ ಮಧ್ಯಾಹ್ನ ಕೈದಿಗಳಿಗೆ ಬಿಡುವು. ನಾನು ಜಗಲಿಯ ಮೇಲೆ ಕೂತು ಓದುವುದು, ಅವರು ಅಂಗಳದಲ್ಲಿ ಕೂತು ಕೇಳುವುದು ರೂಢಿಯಾಯಿತು.

ಮೊದಲ ಅಧ್ಯಾಯದಲ್ಲಿ ಕೊಲೆಗಾರ ಕಾಫಿ ತೋಟದ ಬಂಗಲೆಗೆ ನುಗ್ಗುತ್ತಾನೆ. ಬೀಗ ತೆರೆಯುವುದನ್ನೇ ಒಂದೂವರೆ ಪುಟ ಬರೆದಿದ್ದೆ. ಓದಿ ಮುಗಿಸಿ ಹೆಮ್ಮೆಯಿಂದ ತಲೆಯೆತ್ತಿದೆ. ಎದುರಿಗೆ ಅಮ್ಮತ್ತಿ ಕಡೆಯ ಒಬ್ಬ ಕಳ್ಳ ಕೂತಿದ್ದ. ಬೀಗ ಮುರಿಯುವುದರಲ್ಲಿ ಪಳಗಿದ ಕೈ, ಎಲ್ಲರೂ ಅವನನ್ನು ಬೀಗದಣ್ಣ ಎನ್ನುತ್ತಿದ್ದರು. ಅವನ ಮುಖ ಹುಳ್ಳಗಾಗಿತ್ತು.

"ಬೀಗ ಹಾಗಿರ್ಲಿ ಸ್ವಾಮಿ. ನಾಯಿ ಎಲ್ಲಿ?"

"ಯಾವ ನಾಯಿ?"

"ತೋಟದ ಬಂಗಲೆ ಅಂತೀರಿ, ನಾಯಿ ಇಲ್ವಾ? ಬೀಗಕ್ಕೆ ಯಾರು ಹೆದರ್ತಾರೆ? ನನ್ನನ್ನ ಮೂರು ಸಲ ಹಿಡ್ಕೊಟ್ಟದ್ದು ನಾಯಿ."

ಬೇರೆ ಕಳ್ಳರೂ ಹೌದು ಹೌದು ಎಂದರು. ಒಬ್ಬ ತೋಳಿನ ಗಾಯ ತೋರಿಸಿದ, ಇನ್ನೊಬ್ಬ ತೋರಿಸಬಾರದ ಜಾಗ ತೋರಿಸಲು ಎದ್ದು ನಿಂತ. ನಾನು ಗಾಬರಿಯಿಂದ ಅಲ್ಲೇ ಒಂದು ನಾಯಿ ಸೇರಿಸಿ, ಕೊಲೆಗಾರ ಅದಕ್ಕೆ ಒಣಮೀನು ಹಾಕಿದ ಎಂದು ಬರೆದೆ. ಎಲ್ಲರಿಗೂ ಸಮಾಧಾನವಾಯಿತು.

ಆದರೆ ಅಲ್ಲಿಂದ ಹೆಡ್ ವಾರ್ಡರನ ಕಾಟ ಶುರುವಾಯಿತು. ಕೆಂಪು ಪೇಟ, ಗಿರಿಜಾ ಮೀಸೆ, ಕೈದಿಗಳು ಹೆಸರು ಕೇಳಿದರೆ ನಡುಗುವಂಥ ಆಸಾಮಿ. ಪ್ರತಿ ಭಾನುವಾರ ಬಾಗಿಲ ಹತ್ತಿರ ಕೇಳಿಸಿಕೊಳ್ಳದವನ ಹಾಗೆ ನಿಂತಿದ್ದು, ಕೊನೆಗೆ ನನ್ನ ಕಿವಿಯ ಹತ್ತಿರ ಬಗ್ಗಿ ಕೇಳುತ್ತಿದ್ದ: "ಮಾಲೀಕರು ಸತ್ತರು, ಸರಿ. ಇವತ್ತು ನಾಯಿಗೆ ಊಟ ಹಾಕಿದವರು ಯಾರು?"

ಎರಡು ಗುಂಡು

ಕೈದಿಗಳಲ್ಲಿ ಗಾಳಿಬೀಡಿನ ಹತ್ತಿರದ ಒಬ್ಬ ಕೊಡವರ ಅಜ್ಜ ಇದ್ದರು. ಎಪ್ಪತ್ತರ ಹತ್ತಿರ ವಯಸ್ಸು, ಗೂಟ ಹೊಡೆದ ಹಾಗೆ ನೆಟ್ಟಗಿನ ನಡಿಗೆ. ಗದ್ದೆಗೆ ನೀರು ತಿರುಗಿಸುವ ಜಗಳದಲ್ಲಿ ದಾಯಾದಿಯ ತೊಡೆಗೆ ಗುಂಡು ಹೊಡೆದು ಬಂದವರು. ಆ ದಾಯಾದಿಯೇ ತಿಂಗಳಿಗೊಮ್ಮೆ ಕುಂಟುತ್ತಾ ಬಂದು ಅವರಿಗೆ ಕಿತ್ತಳೆ ಹಣ್ಣು ಕೊಟ್ಟು ಹೋಗುತ್ತಿದ್ದರು. ಅಜ್ಜ ಕಥೆ ಕೇಳುತ್ತಿದ್ದರೇ ಹೊರತು ಮಾತಾಡುತ್ತಿರಲಿಲ್ಲ. ಐದನೇ ಅಧ್ಯಾಯ ಮುಗಿದ ದಿನ ಬಾಯಿ ಬಿಟ್ಟರು.

"ರೈಟರೇ, ನಿಮ್ಮ ಕೊಲೆಗಾರ ಎಷ್ಟು ಗುಂಡು ಹೊಡೆದ?"

"ಎರಡು. ಬಂಗಲೆಯ ಅಂಗಳದಲ್ಲಿ, ಢಂ ಢಂ ಅಂತ. ಹೊಡೆದು ತೋಟದೊಳಗೆ ಮಾಯವಾದ."

"ಎಂತ ಮಾಯ? ನಮ್ಮಲ್ಲಿ ಮನೆಯಂಗಳದಿಂದ ಒಂದರ ಹಿಂದೆ ಒಂದು ಎರಡು ಗುಂಡು ಕೇಳಿದ್ರೆ ಸಾವು ಅಂತ ಲೆಕ್ಕ. ಕೇಳಿದವರೆಲ್ಲ ಕೈಯಲ್ಲಿದ್ದ ಕೆಲಸ ಬಿಟ್ಟು ಓಡಿ ಬರ್ತಾರೆ. ನಿಮ್ಮವ ಗೇಟು ದಾಟುವ ಮೊದಲೇ ಊರೆಲ್ಲ ಎದುರಿಗೆ ಬಂದಿರ್ತದೆ. ಎಲ್ಲಿಗೆ ಓಡ್ತಾನೆ?"

ಮೊದಲ ಅಧ್ಯಾಯ ಆಗಲೇ ಅಚ್ಚಾಗಿ ಮೈಸೂರಿನವರೆಲ್ಲ ಓದಿಯಾಗಿತ್ತು. ಅದರಲ್ಲಿ ಎರಡು ಗುಂಡು ಹಾರಿ ಹೋಗಿದ್ದವು, ವಾಪಸು ತರುವ ಹಾಗಿರಲಿಲ್ಲ. "ಒಂದೇ ಗುಂಡು ಹೊಡೆದಿದ್ದರೆ ಆಗ್ತಿತ್ತಾ ಅಜ್ಜ?" ಎಂದು ಸಣ್ಣ ದನಿಯಲ್ಲಿ ಕೇಳಿದೆ.

"ಒಂದಾದ್ರೆ ಗಂಡು ಮಗು ಹುಟ್ಟಿದ ಲೆಕ್ಕ" ಎಂದರು ಅಜ್ಜ. "ನಾನು ಹೊಡೆದದ್ದು ಒಂದೇ. ಆಗ ನನ್ನ ತಮ್ಮನ ಸೊಸೆಗೆ ದಿನ ತುಂಬಿತ್ತು. ಊರವರೆಲ್ಲ ನಗ್ತಾ ನಗ್ತಾ ಮಗು ನೋಡ್ಲಿಕ್ಕೆ ಬಂದ್ರು. ಬಂದು ನೋಡಿದ್ರೆ ಗದ್ದೆಯ ಬದುವಿನಲ್ಲಿ ದಾಯಾದಿ ಕಾಲು ಹಿಡ್ಕೊಂಡು ಬೊಬ್ಬೆ ಹಾಕ್ತಿದ್ದಾನೆ!"

ಬಾಳೆಗೊನೆ

ಕೊನೆಯ ಅಧ್ಯಾಯ ಒಂದೇ ಬಾಕಿ. ಕೊಲೆಗಾರ ಹೇಗೆ ತಪ್ಪಿಸಿಕೊಂಡ ಎಂದು ನನಗೇ ಗೊತ್ತಿಲ್ಲ. "ಬರುವ ಭಾನುವಾರ ಓದ್ತೇನೆ" ಎಂದು ಮೂರು ಭಾನುವಾರ ತಳ್ಳಿದೆ. ಅಷ್ಟರಲ್ಲಿ ಅಜ್ಜ ಶಿಕ್ಷೆ ಮುಗಿಸಿ ಊರಿಗೆ ಹೋದರು. ಹೋಗುವಾಗ, "ಮುಗಿಸುವ ದಿನ ಮಾತ್ರ ನನಗೆ ಹೇಳಿ ಕಳಿಸಿ" ಎಂದು ಎರಡು ಸಲ ಹೇಳಿದರು.

ಆಮೇಲಿನ ಸೋಮವಾರ ಬೀಗದಣ್ಣನ ಬಿಡುಗಡೆ. ಅವನು ಗೇಟಿನ ಸರಳು ಹಿಡಿದುಕೊಂಡು, "ಕಥೆ ಕೇಳದೆ ಹೇಗೆ ಹೋಗ್ಲಿ ಸ್ವಾಮಿ? ಹದಿನೈದು ದಿನ ಹೆಚ್ಚಿಗೆ ಇಟ್ಕೊಳ್ಳಿ" ಎಂದು ಗೋಗರೆದ. ಅವನನ್ನು ಒಳಗೆ ತಳ್ಳುವಾಗ ಒಬ್ಬ ಪೊಲೀಸು ಸಾಕಾಗಿದ್ದ. ಹೊರಗೆ ತಳ್ಳಲು ಮೂವರು ವಾರ್ಡರುಗಳು ಬೇಕಾದರು.

ಶನಿವಾರಕ್ಕೆ ಸರಿಯಾಗಿ ವಾಪಸು ಬಂದ! ಒಂದು ಬಾಳೆಗೊನೆ ಕದ್ದು, ಅದನ್ನು ಹೆಗಲ ಮೇಲೆ ಹೊತ್ತುಕೊಂಡು ತಾನೇ ನಡೆದು ಪೊಲೀಸ್ ಸ್ಟೇಷನ್ನಿಗೆ ಹೋಗಿದ್ದನಂತೆ. ಅಲ್ಲಿನವರು ಯಾರೋ ಕಾಣಿಕೆ ಕಳಿಸಿದ್ದಾರೆ ಎಂದು ನಾಲ್ಕು ಹಣ್ಣು ತಿಂದ ಮೇಲೆ ಇವನು, "ಇದು ಕದ್ದ ಮಾಲು, ನನ್ನನ್ನ ಹಿಡೀರಿ" ಎಂದನಂತೆ.

ಸುದ್ದಿ ಜೈಲು ಸೂಪರಿಂಟೆಂಡೆಂಟ್ ದೊರೆಯ ಕಿವಿಗೆ ಬಿತ್ತು. ದೊರೆ ಇಂಗ್ಲೆಂಡಿನಿಂದ ಬಂದು ವರ್ಷವಾಗಿತ್ತು. ಕನ್ನಡದಲ್ಲಿ "ನೀರು", "ಕುದುರೆ", "ಹೋಗು" ಇಷ್ಟೇ ಬರುತ್ತಿತ್ತು. ನನ್ನನ್ನು ಕರೆಸಿ ಇಂಗ್ಲಿಷಿನಲ್ಲಿ ಹೇಳಿದ: "ಕಳ್ಳರು ಜೈಲಿಗೆ ಬರಲು ಹೆದರಬೇಕು, ಹಾತೊರೆಯಬಾರದು. ಈ ತಿಂಗಳೊಳಗೆ ಕಥೆ ಮುಗಿಸು. ಅದಕ್ಕಾಗಿ ಇನ್ನೊಬ್ಬ ಒಳಗೆ ಬಂದರೆ ನೀನು ಹೊರಗೆ." ಕೊನೆಗೆ, ನನಗೆ ಅರ್ಥವಾಗಿರಲಿಕ್ಕಿಲ್ಲ ಎಂದುಕೊಂಡು, ಕನ್ನಡದಲ್ಲೂ ಹೇಳಿದ: "ಹೋಗು."

ಹಂದಿ

ಕೆಲಸ ಹೋದರೆ ಊರಿಗೆ ಹೋಗಿ ಅಪ್ಪನ ಎದುರು ನೇಗಿಲು ಹಿಡಿಯಬೇಕು. ನನಗೆ ನಿಜವಾಗಿ ಅಳುವೇ ಬಂತು. ಒಂದು ದಿನ ರಜೆ ಹಾಕಿ ಸೀದಾ ಅಜ್ಜನ ಮನೆಗೆ ಹೋದೆ. ಗುಂಡಿನ ಗಂಟು ಹಾಕಿದವರೇ ಬಿಚ್ಚಲಿ ಎಂಬುದು ನನ್ನ ಲೆಕ್ಕ.

ಅಜ್ಜ ಅಂಗಳದಲ್ಲಿ ಜೋಡಿ ನಳಿಗೆಯ ಕೋವಿ ಒರೆಸುತ್ತಿದ್ದರು. ಹಂದಿ ಬಂದು ಗೆಣಸಿನ ಪಾತಿ ಹಾಳು ಮಾಡುತ್ತಿತ್ತಂತೆ, ಅದಕ್ಕಾಗಿ ತೋಟೆ ತುಂಬಿಸಿ ಇಟ್ಟಿದ್ದರು. ನಾನು ಅಷ್ಟು ಅಧ್ಯಾಯ ಕೋವಿಯ ಕಥೆ ಬರೆದಿದ್ದರೂ ಕೋವಿ ಮುಟ್ಟಿದವನಲ್ಲ. "ಒಂದು ಸಲ ಹಿಡ್ಕೊಳ್ಳಲಾ ಅಜ್ಜ?" ಎಂದೆ.

"ಹಿಡ್ಕೊಳ್ಳಿ. ಕುದುರೆಗೆ ಮಾತ್ರ ಬೆರಳು ಹಾಕ್ಬೇಡಿ."

ಕೋವಿಯ ಕುದುರೆ ಯಾವುದು ಎಂದು ನೋಡಲಿಕ್ಕೇ ಬೆರಳು ಹಾಕಿದೆ. ಢಂ! ನಾನು ಹಿಂದಕ್ಕೆ ಬಿದ್ದೆ. ಬೀಳುವಾಗ ಎರಡನೆಯದಕ್ಕೂ ಬೆರಳು ತಗುಲಿತು. ಢಂ! ಪಕ್ಕದ ಮರದಿಂದ ಒಂದು ಹಲಸಿನಕಾಯಿ ನನ್ನ ತಲೆಯಿಂದ ಗೇಣುದ್ದ ದೂರದಲ್ಲಿ ಬಿತ್ತು.

ಅಡಿಗೆಮನೆಯಿಂದ ಅಜ್ಜಿ ಸೌಟು ಹಿಡಿದುಕೊಂಡೇ ಓಡಿ ಬಂದರು. "ಯಾರು ಹೋದ್ರು?"

"ಯಾರೂ ಇಲ್ಲ" ಎಂದರು ಅಜ್ಜ.

"ಹಾಗಾದ್ರೆ ಊರಿಗೆ ಎಂತ ಹೇಳ್ತೀರಿ? ಈಗ ಎಲ್ಲ ಬರ್ತಾರೆ!"

ಜೈಲಿನ ರೈಟರ್ ರಜೆ ಹಾಕಿ, ಬಿಡುಗಡೆಯಾದ ಕೈದಿಯ ಮನೆಯಲ್ಲಿ ಕೋವಿ ಹಾರಿಸಿದ ಎಂದು ದೊರೆಗೆ ತಿಳಿದರೆ ತಿಂಗಳ ಕೊನೆಯವರೆಗೂ ಕಾಯುವುದಿಲ್ಲ. ಅದನ್ನೇ ತೊದಲುತ್ತಾ ಹೇಳಿದೆ. ಅಜ್ಜ ಒಂದು ಕ್ಷಣ ಯೋಚಿಸಿ, "ಹೆದರ್ಬೇಡಿ, ಇನ್ನೊಂದು ಹೊಡೆದು ಅಳಿಸಿಬಿಡುವ" ಎಂದು ಮತ್ತೊಂದು ತೋಟೆ ಹಾಕಿ ಆಕಾಶಕ್ಕೆ ಹೊಡೆದರು.

ಅಜ್ಜಿ ಹಣೆ ಚಚ್ಚಿಕೊಂಡರು. "ಒಂದು ಹೊಡೆದ್ರೆ ಗಂಡು ಮಗು ಅಲ್ವಾ? ನನಗೆ ಅರವತ್ತು ದಾಟಿತು! ಈ ಮನೆಯಲ್ಲಿ ಹೆರುವವರು ಯಾರು?"

ಮೊದಲು ಬಂದವರು ದಾಯಾದಿ. ಕುಂಟುತ್ತಿದ್ದರೂ ಎಲ್ಲರಿಗಿಂತ ಮುಂದೆ ಬಂದರು. ಏದುಸಿರು ಬಿಡುತ್ತಾ ಅಜ್ಜನನ್ನು ಹಿಡಿದು, "ಈ ಸಲ ಯಾರಿಗೆ ಹೊಡೆದೆ?" ಎಂದರು.

ಅಷ್ಟರಲ್ಲಿ ಕೆಳಗಿನ ಓಣಿಯಿಂದ ಸಾವಿನ ಮನೆಗೆಂದು ಬಿಳಿ ಬಟ್ಟೆ ಉಟ್ಟವರು ಅಳುತ್ತಾ ಬಂದರು, ಅವರಿಗೆ ಮೊದಲಿನ ಎರಡು ಕೇಳಿಸಿತ್ತು. ಮೇಲಿನ ದಾರಿಯಿಂದ ಹೆಂಗಸರು ನಗುತ್ತಾ ಬಂದರು, ಗಾಳಿಗೆ ಅವರಿಗೆ ಕೇಳಿಸಿದ್ದು ಕೊನೆಯದೊಂದೇ. ಎರಡು ಗುಂಪೂ ಅಂಗಳದ ನಡುವೆ ಎದುರುಬದುರಾದವು. ಅಳುವವರು ನಗುವವರನ್ನು ದುರುಗುಟ್ಟಿದರು, ನಗುವವರು ಅಜ್ಜಿಯ ಹೊಟ್ಟೆ ನೋಡಿದರು.

ನಾನು ಸದ್ದಿಲ್ಲದೆ ಬಿಳಿ ಬಟ್ಟೆಯವರ ನಡುವೆ ನುಸುಳಿ, ಟವೆಲಿನಿಂದ ಮುಖ ಮುಚ್ಚಿಕೊಂಡು ಅಳತೊಡಗಿದೆ. ನಟನೆ ಬೇಕಾಗಲಿಲ್ಲ, ಕೆಲಸ ನೆನೆದರೆ ಕಣ್ಣೀರು ತಾನಾಗಿ ಹರಿಯುತ್ತಿತ್ತು. ಒಬ್ಬ ಮುದುಕಿ ನನ್ನ ಬೆನ್ನು ಸವರಿ, "ತುಂಬಾ ಬೇಕಾದವರಾ ಮಗಾ?" ಎಂದು ಬೆಲ್ಲದ ಕಾಫಿ ತಂದುಕೊಟ್ಟಳು. ಕಾಫಿ ಕುಡಿಯುತ್ತಾ ಇದ್ದಾಗ ತಲೆಯಲ್ಲಿ ಮಿಂಚು ಹೊಡೆಯಿತು. ಗುಂಡು ಹಾರಿಸಿದವನು ನಾನು, ಆದರೆ ನನ್ನನ್ನು ಯಾರೂ ಅನುಮಾನಿಸುತ್ತಿಲ್ಲ. ಕೊಲೆಗಾರ ಓಡುವುದು ಯಾಕೆ? ಬಂದವರ ಜೊತೆ ಸೇರಿ ಅತ್ತರೆ ಸಾಕು! ನನ್ನ ಕೊನೆಯ ಅಧ್ಯಾಯ ಸಿಕ್ಕಿಬಿಟ್ಟಿತು.

ಆ ಹೊತ್ತಿಗೆ ಅಜ್ಜ ಜಗಲಿ ಹತ್ತಿ ಜೋರಾಗಿ ಹೇಳಿದರು: "ಸಾವೂ ಇಲ್ಲ, ಹೆರಿಗೆಯೂ ಇಲ್ಲ. ಹಂದಿಗೆ ಹೊಡೆದೆ. ಮೂರು ಗುಂಡೂ ತಪ್ಪಿತು."

ಆ ಸೀಮೆಯಲ್ಲೇ ಗುರಿಗೆ ಹೆಸರಾದ ಮನುಷ್ಯ, ಇಡೀ ಊರಿನ ಎದುರು ಮೂರು ಸಲ ಗುರಿ ತಪ್ಪಿದೆ ಎಂದು ಒಪ್ಪಿಕೊಂಡದ್ದು ನನ್ನ ಕೆಲಸ ಉಳಿಸಲಿಕ್ಕೆ. ಆ ಋಣ ನಾನು ಸಾಯುವವರೆಗೂ ಮರೆಯುವಂಥದ್ದಲ್ಲ.

ದಾಯಾದಿ ಮಾತ್ರ ತೊಡೆ ಉಜ್ಜಿಕೊಳ್ಳುತ್ತಾ ಕುದಿಯುತ್ತಿದ್ದರು. "ನೋಡಿ ಅನ್ಯಾಯ! ನನಗೆ ಒಂದೇ ಗುಂಡು ಸಾಕಾಯ್ತು. ಹಂದಿಗೆ ಮೂರೂ ತಪ್ಪಿತಂತೆ!"

ಪೇಟ

ನಾಲ್ಕು ದಿನದಲ್ಲಿ ಅಧ್ಯಾಯ ಬರೆದು ಮುಗಿಸಿದೆ. ಭಾನುವಾರ ಓದುವುದೆಂದು ನಿಶ್ಚಯವಾಯಿತು. ಕೊಟ್ಟ ಮಾತಿನಂತೆ ಅಜ್ಜನಿಗೂ ಹೇಳಿ ಕಳಿಸಿದೆ. ತಪ್ಪಾದದ್ದು ಅಲ್ಲೇ.

ಇನ್ನೂ ಒಂದು ವಾರ ಇರುವಾಗಲೇ ಅಜ್ಜ ಜೈಲಿನ ಗೇಟಿಗೆ ಬಂದು ಹೆಡ್ ವಾರ್ಡರನಿಗೆ, "ಭಾನುವಾರ ಕಥೆಗೆ ಒಳಗೆ ಬಿಡ್ಬೇಕು" ಎಂದರು.

"ಶಿಕ್ಷೆ ಆದವರಿಗೆ ಮಾತ್ರ ಅಜ್ಜ. ಸುಮ್ಮನೆ ಒಳಗೆ ಬಿಡೋಕೆ ಇದೇನು ನಾಟಕದ ಕಂಪನಿಯಾ?"

ಅಜ್ಜ ಯೋಚಿಸಿದರು. ಬಾಳೆಗೊನೆ ಕದಿಯುವುದು ಮನೆತನಕ್ಕೆ ಶೋಭೆಯಲ್ಲ. "ಹಾಗಾದ್ರೆ ತಪ್ಪು ತಿಳೀಬೇಡಿ" ಎಂದು ಹೇಳಿ, ಹೆಡ್ ವಾರ್ಡರನ ಪೇಟಕ್ಕೆ ಒಂದು ಬಾರಿಸಿದರು. ಪೇಟ ಉರುಳಿ ಚರಂಡಿಗೆ ಬಿತ್ತು. ಸರ್ಕಾರಿ ನೌಕರನ ಮೇಲೆ ಕೈ ಮಾಡಿದ ಕೇಸು! ಸೋಮವಾರ ಮ್ಯಾಜಿಸ್ಟ್ರೇಟರು ವಯಸ್ಸು ನೋಡಿ ಐದೇ ದಿನ ಶಿಕ್ಷೆ ಕೊಟ್ಟರು.

ಅಜ್ಜ ಬೆರಳು ಮಡಿಸಿ ಎಣಿಸಿದರು. ಶುಕ್ರವಾರಕ್ಕೆ ಮುಗಿಯುತ್ತದೆ. "ಸ್ವಾಮಿ, ಇನ್ನು ಮೂರು ದಿನ ಸೇರಿಸಿ" ಎಂದರು.

"ಚೌಕಾಸಿ ಮಾಡೋಕೆ ಇದು ಸಂತೆಯಲ್ಲ."

ಅಜ್ಜ ಸುತ್ತ ನೋಡಿದರು. ಪಕ್ಕದಲ್ಲಿ ಕೋರ್ಟಿನ ದಫೇದಾರ ನಿಂತಿದ್ದ. ಅವನ ತಲೆಯ ಮೇಲೂ ಒಂದು ಪೇಟ ಇತ್ತು. "ನೀವೂ ತಪ್ಪು ತಿಳೀಬೇಡಿ" ಎಂದರು ಅಜ್ಜ.

ಹತ್ತು ದಿನವಾಯಿತು. ಭಾನುವಾರ ಅಜ್ಜ ಅಂಗಳದಲ್ಲಿ ಎಲ್ಲರಿಗಿಂತ ಮುಂದೆ, ಬೀಗದಣ್ಣನ ಪಕ್ಕದಲ್ಲಿ ಕೂತಿದ್ದರು. ಹಾಳಾದ್ದು, ಕಥೆ ಮುಗಿಯುವುದನ್ನು ಕಣ್ಣಾರೆ ನೋಡಬೇಕೆಂದು ದೊರೆಯೂ ಕುರ್ಚಿ ಹಾಕಿಸಿಕೊಂಡು ಕೂತ. ಅಜ್ಜನನ್ನು ತೋರಿಸಿ, "ಇವನು ಯಾಕೆ ಮತ್ತೆ ಬಂದ?" ಎಂದು ಕೇಳಿದ. ನಾನು ಕೈಯಲ್ಲಿದ್ದ ಪುಟಗಳನ್ನು ತಿರುವತೊಡಗಿದೆ. ಹೆಡ್ ವಾರ್ಡರನೇ ಮುಂದೆ ಬಂದು, ತನಗೆ ಬರುವ ಇಂಗ್ಲಿಷಿನಲ್ಲಿ, "ನನಗೂ ಅವರಿಗೂ ಹಳೇ ದ್ವೇಷ ಸಾರ್" ಎಂದು ನನ್ನನ್ನು ಉಳಿಸಿದ.

ನಾನು ಓದಿದೆ. ಎರಡು ಗುಂಡು ಕೇಳಿ ಊರೆಲ್ಲ ಬರುತ್ತದೆ. ಕೊಲೆಗಾರ ತೋಟದಿಂದ ಹೊರಗೆ ಬಂದು ಅವರ ನಡುವೆ ನಿಂತು ಎಲ್ಲರಿಗಿಂತ ಜೋರಾಗಿ ಅಳುತ್ತಾನೆ, ಬೆಲ್ಲದ ಕಾಫಿ ಕುಡಿಯುತ್ತಾನೆ. ಒಣಮೀನಿನ ಆಸೆಗೆ ನಾಯಿ ಬಂದು ಅವನ ಜೇಬು ಮೂಸುತ್ತದೆ, ಸಿಕ್ಕಿಬೀಳುತ್ತಾನೆ. ಬೀಗದಣ್ಣ ತೊಡೆ ತಟ್ಟಿ, "ನಾನು ಅವತ್ತೇ ಹೇಳಿದ್ನಲ್ಲ, ನಾಯಿ!" ಎಂದ. ಹೆಡ್ ವಾರ್ಡರನ ಮೀಸೆ ಒದ್ದೆಯಾಗಿತ್ತು.

"ಮುಗಿಯಿತಾ?" ಎಂದು ದೊರೆ ಕೇಳಿದ.

"ಮುಗಿಯಿತು ಸಾರ್."

ದೊರೆ ಎದ್ದು ನನ್ನ ಕೈ ಕುಲುಕಿದ. ಕೆಲಸ ಉಳಿಯಿತು ಎಂದು ನಾನು ಉಸಿರು ಬಿಡುವಷ್ಟರಲ್ಲಿ ಅಜ್ಜ ಎದ್ದು ನಿಂತು ಗಟ್ಟಿಯಾಗಿ ಕೇಳಿದರು: "ಚೆಂದ ಆಯ್ತು ರೈಟರೇ. ಮುಂದಿನ ಕಥೆ ಯಾವಾಗ ಶುರು? ಭತ್ತದ ಕೊಯ್ಲು ಮುಗಿಸ್ಕೊಂಡು ಬಂದುಬಿಡ್ತೇನೆ. ದಾಯಾದಿಯೂ ಬರ್ತಾನಂತೆ."

ದೊರೆ ಹುಬ್ಬು ಗಂಟಿಕ್ಕಿ ಹೆಡ್ ವಾರ್ಡರನ ಕಡೆ ತಿರುಗಿದ. "ಏನಂತೆ?"

ಹೆಡ್ ವಾರ್ಡರ್ ನನ್ನ ಮುಖ ನೋಡಿದ, ಅಜ್ಜನ ಮುಖ ನೋಡಿದ. ಎರಡೂ ಕೈಯಲ್ಲಿ ತನ್ನ ಪೇಟ ಭದ್ರವಾಗಿ ಹಿಡಿದುಕೊಂಡು ಹೇಳಿದ:

"ಇನ್ನು ಈ ಕಡೆ ತಲೆ ಹಾಕಿಯೂ ಮಲಗಲ್ಲ ಅಂತಿದ್ದಾರೆ ಸಾರ್."