ಮರಳ ಮೇಲಿನ ಬಿರುಗಾಳಿ

ಅಗಸ್ತ್ಯರು ಸಮುದ್ರವನ್ನು ಕುಡಿದರು. ಹನುಮಂತ ಹಾರಿದ. ರಾಮದೇವರು ಸೇತುವೆ ಕಟ್ಟಿಸಿದರು. ಬೆಂಗರೆಯ ಗಿರಿಯಪ್ಪ ಇವರೆಲ್ಲರಿಗಿಂತ ಒಂದು ಕೈ ಮೇಲು. ಅವನು ಸಮುದ್ರಕ್ಕೆ ಬೆನ್ನು ತಿರುಗಿಸಿ ಕುಳಿತ. ಮೀನು ಹಿಡಿಯುವವರ ಮನೆಯಲ್ಲಿ ಹುಟ್ಟಿಯೂ ಅಲೆ ಕಂಡರೆ ಹೊಟ್ಟೆ ತೊಳಸುವ ಆ ಮಹಾಪುರುಷ, ದಡದಲ್ಲೇ ಬಲೆ ಹೆಣೆಯುತ್ತ ಮೀಸೆ ಬೆಳೆಸಿದ. (ಮೀಸೆಗೆ ಉಪ್ಪುಗಾಳಿ ಒಳ್ಳೆಯದಂತೆ.)

ಆ ಮೀಸೆಗೆ ಮರುಳಾದವರು ಬೊಂಬಾಯಿಯಿಂದ ಬಂದ ಸಿನಿಮಾದವರು. ಮರಳ ಮೇಲಿದ್ದ ದೋಣಿಯಲ್ಲಿ ಅವನನ್ನು ನಿಲ್ಲಿಸಿ ಕೈಗೆ ಹುಟ್ಟು ಕೊಟ್ಟರು. ನೆರೆಮನೆಯ ಬೂಬ ಮತ್ತು ಸಂಗಡಿಗರು ದೋಣಿ ಅಲುಗಾಡಿಸಿದರು. ಹೆಂಡತಿ ವಾರಿಜಾಕ್ಷಿ ಕೊಡಪಾನದಲ್ಲಿ ನೀರು ತಂದು ಗಂಡನ ಮುಖಕ್ಕೆ ಎರಚಿದಳು. (ಇಷ್ಟು ಸಂತೋಷದಿಂದ ಅವಳು ಯಾವ ಕೆಲಸವನ್ನೂ ಮಾಡಿದ್ದಿಲ್ಲ.) ಕ್ಯಾಮರಾದವನು ಹಿಡಿ ತಿರುಗಿಸಿದ, ಬಿರುಗಾಳಿ ಮುಗಿಯಿತು, ಎಲ್ಲರೂ ಗಂಜಿ ಊಟಕ್ಕೆ ಹೋದರು.

ಮಳೆಗಾಲ ಹಿಡಿಯುವ ಮೊದಲು ಆ ಚಿತ್ರ ಮಂಗಳೂರಿನ ಸಿನಿಮಾ ಡೇರೆಗೆ ಬಂತು. ಪರದೆಯ ಮೇಲೆ ಎಲ್ಲಿಂದಲೋ ತಂದು ಸೇರಿಸಿದ ಬೆಟ್ಟದಂಥ ಅಲೆಗಳು, ನಡುವೆ ಗಿರಿಯಪ್ಪ! ವಾರಿಜಾಕ್ಷಿ ಎದೆ ಬಡಿದುಕೊಂಡಳು.

"ಅಯ್ಯೋ, ಮುಳುಗಿದ್ರು!"

"ಇಲ್ಲೇ ಪಕ್ಕದಲ್ಲಿದ್ದೇನೆ ಮಾರಾಯ್ತಿ. ನೀರು ಎರಚಿದ್ದು ನೀನೇ ಅಲ್ವಾ?"

"ಸುಮ್ಮನಿರಿ! ನಾನು ಎರಚಿದ್ದು ಒಂದು ಕೊಡಪಾನ. ಅಲ್ಲಿ ಎಷ್ಟುಂಟು ನೋಡಿ!"

ದೋಣಿ ಅಲುಗಾಡಿಸಿದ್ದ ಬೂಬನೂ ಕಣ್ಣೊರಸಿಕೊಂಡ. "ಅಂಥ ಗಾಳಿಯಲ್ಲಿ ಬದುಕಿ ಬಂದನಲ್ಲ ಪುಣ್ಯಾತ್ಮ!"

ಗಿರಿಯಪ್ಪ ಮೊದಮೊದಲು ನಿಜ ಹೇಳಿದ. ಜನ ಅದನ್ನು ವಿನಯ ಎಂದರು. ಕೊನೆಗೆ ಅವನಿಗೂ ನಂಬಿಕೆ ಬಂತು. ಜಗಲಿಯಲ್ಲಿ ಕುಳಿತು ಅಲೆಯ ಎತ್ತರವನ್ನು ದಿನದಿನವೂ ಏರಿಸತೊಡಗಿದ.

ಮಳೆ ಹಿಂದೆ ಸರಿಯಿತು. ಸಮುದ್ರಕ್ಕೆ ಹಾಲೆರೆದು ವರ್ಷದ ಮೊದಲ ದೋಣಿ ಇಳಿಸುವ ದಿನ, ದೋಣಿ ನಡೆಸುವ ತಂಡೇಲ ಪೂವಪ್ಪ ಎಲ್ಲರೆದುರು ಹೇಳಿದ: "ನನ್ನ ಕಣ್ಣು ಮಬ್ಬಾಯಿತು. ಇನ್ನು ಗಿರಿಯಪ್ಪನೇ ತಂಡೇಲ. ದೋಣಿ ಹತ್ತು ಮಾರಾಯ!"

ಎದುರಿಗೆ ನಿಜವಾದ ಅಲೆ. ಗಿರಿಯಪ್ಪ ಮೆಲ್ಲಗೆ ಅದಕ್ಕೆ ಬೆನ್ನು ತಿರುಗಿಸಿದ.

ಅಷ್ಟರಲ್ಲಿ ವಾರಿಜಾಕ್ಷಿ ಓಡಿಬಂದು ಅವನ ತೋಳು ಹಿಡಿದಳು. "ಬೇಡ! ನೀವು ಮುಳುಗಿದ್ದನ್ನು ಒಮ್ಮೆ ಕಣ್ಣಾರೆ ಕಂಡದ್ದು ಸಾಕು. ನಾನು ಬಿಡುವುದಿಲ್ಲ!"

ಗಿರಿಯಪ್ಪ ಆಕಾಶ ನೋಡಿ ದೊಡ್ಡದೊಂದು ನಿಟ್ಟುಸಿರಿಟ್ಟ. "ಎಂತ ಮಾಡುವುದು ಪೂವಪ್ಪಣ್ಣ? ನನಗೆ ಹೋಗಲಿಕ್ಕೆ ಮನಸ್ಸುಂಟು. ಆದರೆ ಹೆಂಗಸಿನ ಕಣ್ಣೀರು ದಾಟಿ ಹೋಗಬಾರದಂತೆ."

ಆ ವೀರವಾಣಿ ಕೇಳಿ ವಾರಿಜಾಕ್ಷಿಯ ಎದೆ ಹೆಮ್ಮೆಯಿಂದ ಉಬ್ಬಿತು. ಕಣ್ಣೊರಸಿಕೊಂಡು ಕೈ ಬಿಟ್ಟಳು. "ಹೋಗಿ ಬನ್ನಿ. ನಿಮ್ಮಂಥವರನ್ನು ಹಿಡಿದಿಟ್ಟರೆ ನನಗೆ ಪಾಪ ಬರ್ತದೆ."

ಗಿರಿಯಪ್ಪ ಅವಳ ಕಿವಿಯ ಬಳಿ ಬಾಗಿದ.

"ಇನ್ನೂ ಸ್ವಲ್ಪ ಗಟ್ಟಿ ಹಿಡಿಯೇ, ಮಾರಾಯ್ತಿ."